ಎಪಿಸ್ಕೋಪಲ್ ಚರ್ಚು ಬಿಟ್ಟು ಬಂದವರು: ಎಸಿಎನ್‌ಎ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ನಮ್ಮ ಸಿಎಸ್‌ಐ (ಚರ್ಚ್ ಆಫ್ ಸೌತ್ ಇಂಡಿಯಾ) ಸಭೆಯಲ್ಲಿ ಮಕ್ಕಳು ಅಮೆರಿಕದಲ್ಲಿರುವ ಮನೆಗಳು ಸಾಕಷ್ಟಿವೆ. ಭಾನುವಾರ ಆರಾಧನೆ ಮುಗಿದು ಹೊರಗೆ ನಿಂತಾಗ ಯಾರಾದರೂ ಒಬ್ಬರು ಕೇಳುತ್ತಾರೆ. ಮಗಳು ಟೆಕ್ಸಸ್‌ಗೆ ಹೋಗಿದ್ದಾಳೆ, ಮನೆ ಹತ್ತಿರ ಎರಡು ಚರ್ಚಿವೆ, ಒಂದರ ಬೋರ್ಡಿನಲ್ಲಿ ಎಪಿಸ್ಕೋಪಲ್ ಅಂತಿದೆ, ಇನ್ನೊಂದರಲ್ಲಿ ಆಂಗ್ಲಿಕನ್ ಅಂತಿದೆ, ಒಳಗೆ ಹೋದರೆ ಎರಡೂ ಹೆಚ್ಚುಕಡಿಮೆ ಒಂದೇ ಥರ, ನಮ್ಮದು ಯಾವುದು? ನಿಂತ ನಿಲುವಿನಲ್ಲಿ ಇದಕ್ಕೆ ಉತ್ತರ ಹೇಳಲು ಆಗುವುದಿಲ್ಲ. ಅದಕ್ಕೇ ಬರೆದಿಡುತ್ತಿದ್ದೇನೆ. ಸ್ವಲ್ಪ ಉದ್ದವಾಗಿದೆ, ಬೇಕಾದ ಪ್ರಶ್ನೆ ನೋಡಿಕೊಂಡು ಓದಿ.

ಎಸಿಎನ್‌ಎ ಅಂದರೆ ಏನು?

ಪೂರ್ತಿ ಹೆಸರು ಆಂಗ್ಲಿಕನ್ ಚರ್ಚ್ ಇನ್ ನಾರ್ತ್ ಅಮೆರಿಕ. 2009ರ ಜೂನ್‌ನಲ್ಲಿ ಟೆಕ್ಸಸ್‌ನ ಬೆಡ್‌ಫರ್ಡ್ ಎಂಬ ಊರಿನಲ್ಲಿ ಶುರುವಾಯಿತು. ಅಮೆರಿಕದ ಎಪಿಸ್ಕೋಪಲ್ ಚರ್ಚು ಮತ್ತು ಕೆನಡಾದ ಆಂಗ್ಲಿಕನ್ ಚರ್ಚು ಸತ್ಯವೇದದ ಬೋಧನೆಯಿಂದ ದೂರ ಸರಿದಿವೆ ಎಂದು ನಂಬಿ ಹೊರಬಂದವರು ಸೇರಿ ಕಟ್ಟಿದ ಸಂಸ್ಥೆ ಇದು. ಒಂದೇ ದಿನ ಒಂದೇ ಗುಂಪು ಎದ್ದು ಹೋಗಿ ಕಟ್ಟಿದ್ದಲ್ಲ. ಬೇರೆ ಬೇರೆ ಕಾಲದಲ್ಲಿ, ಬೇರೆ ಬೇರೆ ಕಾರಣಕ್ಕೆ ಹೊರಗೆ ಬಂದಿದ್ದವರು ಕೊನೆಗೆ ಒಂದು ಸೂರಿನಡಿ ಸೇರಿದರು. ಇದೊಂದು ನೆನಪಿನಲ್ಲಿದ್ದರೆ ಮುಂದಿನ ಕಥೆ ಸುಲಭವಾಗಿ ಅರ್ಥವಾಗುತ್ತದೆ.

ಎಪಿಸ್ಕೋಪಲ್ ಬೇರೆ, ಆಂಗ್ಲಿಕನ್ ಬೇರೆನಾ?

ಬೇರು ಒಂದೇ. 16ನೇ ಶತಮಾನದಲ್ಲಿ ಇಂಗ್ಲೆಂಡಿನ ಚರ್ಚು ರೋಮಿನಿಂದ ಬೇರೆಯಾಯಿತಲ್ಲ, ಆ ಸಂಪ್ರದಾಯಕ್ಕೆ ಆಂಗ್ಲಿಕನ್ ಎಂದು ಹೆಸರು. ಅಮೆರಿಕ ಬ್ರಿಟಿಷರ ವಿರುದ್ಧ ಯುದ್ಧ ಮಾಡಿ ಸ್ವತಂತ್ರವಾದ ಮೇಲೆ ಅಲ್ಲಿಯ ಆಂಗ್ಲಿಕನ್ನರು ಇಂಗ್ಲೆಂಡಿನ ರಾಜನಿಗೆ ನಿಷ್ಠೆ ಹೇಳುವ ಚರ್ಚಿನಲ್ಲಿ ಇರುವುದು ಹೇಗೆ? 1789ರಲ್ಲಿ ತಮ್ಮದೇ ಸಂವಿಧಾನ ಮಾಡಿಕೊಂಡು ಎಪಿಸ್ಕೋಪಲ್ ಎಂಬ ಹೆಸರಿನಲ್ಲಿ ನಿಂತರು. ಬಿಷಪ್‌ಗಳಿರುವ ಚರ್ಚು ಎಂದು ಅದರ ಅರ್ಥ. ಸುಮಾರು 200 ವರ್ಷ ಅಮೆರಿಕದಲ್ಲಿ ಆಂಗ್ಲಿಕನ್ ಅಂದರೂ ಎಪಿಸ್ಕೋಪಲ್ ಅಂದರೂ ಜನರ ಮನಸ್ಸಿನಲ್ಲಿ ಒಂದೇ ಇತ್ತು. ಈಗ ಹಾಗಿಲ್ಲ. ಬೋರ್ಡಿನಲ್ಲಿ ಆಂಗ್ಲಿಕನ್ ಎಂದು ದಪ್ಪಕ್ಷರದಲ್ಲಿ ಇದ್ದರೆ ಅದು ಬಹುಮಟ್ಟಿಗೆ ಹೊರಬಂದವರ ಸಭೆ.

ಇದೆಲ್ಲ ಶುರುವಾಗಿದ್ದು 2003ರಲ್ಲಿ ಸಲಿಂಗಿ ಬಿಷಪ್ ಆಯ್ಕೆಯಾದಾಗ, ಅಲ್ವಾ?

ಎಲ್ಲರೂ ಹೀಗೇ ಅಂದುಕೊಂಡಿದ್ದಾರೆ. ನಾನೂ ಬಹಳ ದಿನ ಹಾಗೇ ಅಂದುಕೊಂಡಿದ್ದೆ. 2003 ದೊಡ್ಡ ಬಿರುಕು ನಿಜ, ಆದರೆ ಗೋಡೆ ಅದಕ್ಕಿಂತ ಎಷ್ಟೋ ಮುಂಚೆ ಸೀಳಿತ್ತು.

ಮೊದಲ ಸೀಳು 1873ರದು. ಆಗಿನ ಜಗಳವೇ ಬೇರೆ. ಇಂಗ್ಲೆಂಡಿನ ಆಕ್ಸ್‌ಫರ್ಡ್ ಚಳವಳಿಯ ಪ್ರಭಾವದಿಂದ ಧೂಪ, ಮೇಣದ ಬತ್ತಿ, ಪಾದ್ರಿಗಳ ಬಣ್ಣಬಣ್ಣದ ಉಡುಪು, ಪಾಪನಿವೇದನೆ ಇವೆಲ್ಲ ಆಂಗ್ಲಿಕನ್ ಸಭೆಗಳಿಗೆ ವಾಪಸ್ ಬರುತ್ತಿದ್ದವು. ಕೆಂಟಕಿಯ ಸಹಾಯಕ ಬಿಷಪ್ ಜಾರ್ಜ್ ಡೇವಿಡ್ ಕಮಿನ್ಸ್ ಅವರಿಗೆ ಇದು ಸುಧಾರಣೆಯ ದಾರಿಗೆ ಬೆನ್ನು ತಿರುಗಿಸಿದಂತೆ ಕಂಡಿತು. ಆ ವರ್ಷ ನ್ಯೂಯಾರ್ಕಿನಲ್ಲಿ ಅವರು ಬೇರೆ ಪಂಗಡದ ಪಾದ್ರಿಗಳ ಜೊತೆ ಪವಿತ್ರ ಭೋಜನದ ಆರಾಧನೆಯಲ್ಲಿ ಭಾಗವಹಿಸಿದ್ದಕ್ಕೆ ಜೋರು ಟೀಕೆ ಬಂತು. ಡಿಸೆಂಬರ್‌ನಲ್ಲಿ ಅವರು ಹೊರಬಂದು ರಿಫಾರ್ಮ್ಡ್ ಎಪಿಸ್ಕೋಪಲ್ ಚರ್ಚು ಕಟ್ಟಿದರು. ಆ ಸಣ್ಣ ಚರ್ಚು ಇವತ್ತಿಗೂ ಇದೆ, ಎಸಿಎನ್‌ಎ ಒಳಗೇ ಇದೆ. 136 ವರ್ಷ ಕಾದು ಇನ್ನೊಂದು ದೊಡ್ಡ ಮನೆ ಸೇರಿದಂತಾಯಿತು.

ಎರಡನೆಯ ಸೀಳು 1970ರ ದಶಕದ್ದು. 1974ರ ಜುಲೈನಲ್ಲಿ ಫಿಲಡೆಲ್ಫಿಯಾದಲ್ಲಿ 11 ಹೆಂಗಸರಿಗೆ ಚರ್ಚಿನ ಅನುಮತಿ ಇಲ್ಲದೆಯೇ ಪಾದ್ರಿ ದೀಕ್ಷೆ ಕೊಟ್ಟರು. 1976ರಲ್ಲಿ ಮಿನ್ನಿಯಾಪೊಲಿಸ್‌ನಲ್ಲಿ ಕೂಡಿದ ಜನರಲ್ ಕನ್ವೆನ್ಷನ್, ಅಂದರೆ ಎಪಿಸ್ಕೋಪಲ್ ಚರ್ಚಿನ ಮಹಾಸಭೆ, ಅದಕ್ಕೆ ಅಧಿಕೃತ ಒಪ್ಪಿಗೆ ಕೊಟ್ಟಿತು. ಹಳೆಯ ಪ್ರಾರ್ಥನಾ ಪುಸ್ತಕವನ್ನು ಬದಲಿಸುವ ಕೆಲಸವೂ ಆಗಲೇ ನಡೆಯುತ್ತಿತ್ತು, 1979ರಲ್ಲಿ ಹೊಸದು ಬಂತು. ಪ್ರಾರ್ಥನಾ ಪುಸ್ತಕ ಬದಲಾದರೆ ಇಷ್ಟೊಂದು ನೋವೇಕೆ ಎಂದು ಕೆಲವರು ಕೇಳುತ್ತಾರೆ. ಚಿಕ್ಕಂದಿನಿಂದ ಬಾಯಿಪಾಠ ಆಗಿರುವ ಪಾಪ ಅರಿಕೆಯ ಪ್ರಾರ್ಥನೆಯ ಮಾತುಗಳನ್ನು ಯಾರೋ ಬದಲಿಸಿ, ಇನ್ನು ಮುಂದೆ ಹೀಗೆ ಹೇಳಿ ಅಂದರೆ ನಮಗೆ ಹೇಗನ್ನಿಸುತ್ತದೆ ಯೋಚಿಸಿ. ಅಪ್ಪ ಸತ್ತಾಗ ಓದಿದ ಮಾತು, ಮದುವೆಯಲ್ಲಿ ಓದಿದ ಮಾತು ಅವು.

1970ರ ದಶಕದಲ್ಲಿ ಬಿಟ್ಟು ಹೋದವರು ಏನಾದರು?

1977ರ ಸೆಪ್ಟೆಂಬರ್‌ನಲ್ಲಿ ಸೇಂಟ್ ಲೂಯಿಸ್‌ನಲ್ಲಿ ಸುಮಾರು 2000 ಜನ ಸೇರಿ ಒಂದು ಘೋಷಣೆ ಹೊರಡಿಸಿದರು. ನಾವು ಹೊಸದೇನೂ ಮಾಡುತ್ತಿಲ್ಲ, ಹಳೆಯದನ್ನೇ ಮುಂದುವರಿಸುತ್ತಿದ್ದೇವೆ ಎಂಬುದು ಅವರ ಮಾತು. ಅದಕ್ಕೇ ಅವರನ್ನು ಕಂಟಿನ್ಯೂಯಿಂಗ್ ಆಂಗ್ಲಿಕನ್ನರು ಎಂದು ಕರೆಯುತ್ತಾರೆ. ಮುಂದಿನ ಜನವರಿಯಲ್ಲಿ ಡೆನ್ವರ್‌ನಲ್ಲಿ ನಾಲ್ಕು ಜನ ಬಿಷಪ್‌ಗಳ ಅಭಿಷೇಕ ಆಯಿತು.

ಅಲ್ಲೇ ಒಂದು ಕಷ್ಟ ಎದುರಾಯಿತು. ಹೊಸ ಬಿಷಪ್‌ನ ಅಭಿಷೇಕಕ್ಕೆ ಮೂವರು ಬಿಷಪ್‌ಗಳಾದರೂ ಕೈಯಿಡಬೇಕು ಎಂಬುದು ಪುರಾತನ ಕ್ರಮ. ಇವರಿಗೆ ಸಿಕ್ಕಿದ್ದು ಇಬ್ಬರು. ಒಬ್ಬರು ನಿವೃತ್ತ ಬಿಷಪ್ ಆಲ್ಬರ್ಟ್ ಚೇಂಬರ್ಸ್, ಇನ್ನೊಬ್ಬರು ಫಿಲಿಪ್ಪೀನ್ಸಿನಿಂದ ಬಂದವರು. ಮೂರನೆಯವರು ಕೊರಿಯಾದವರು, ಅವರು ಬರಲಿಲ್ಲ, ಒಪ್ಪಿಗೆಯ ಪತ್ರ ಕಳಿಸಿದರು. ಪತ್ರದಿಂದ ಅಭಿಷೇಕ ಆಗುತ್ತದೆಯೇ ಎಂದು ಅಂದಿನಿಂದ ಪ್ರಶ್ನೆ ಎದ್ದಿತು.

ಒಂದೆರಡು ವರ್ಷದಲ್ಲೇ ಇವರಲ್ಲಿ ಮತ್ತೆ ಒಡಕು. ಆಂಗ್ಲಿಕನ್ ಕ್ಯಾಥೊಲಿಕ್ ಚರ್ಚು, ಪ್ರಾವಿನ್ಸ್ ಆಫ್ ಕ್ರೈಸ್ಟ್ ದ ಕಿಂಗ್, ಯುನೈಟೆಡ್ ಎಪಿಸ್ಕೋಪಲ್ ಹೀಗೆ ತುಂಡು ತುಂಡಾದರು. ಎಸಿಎನ್‌ಎಗೆ ಇವರಲ್ಲಿ ಬಹಳ ಜನ ಸೇರಲೇ ಇಲ್ಲ, ಯಾಕೆಂದರೆ ಅಲ್ಲಿ ಕೆಲವು ಡಯಾಸಿಸ್‌ಗಳಲ್ಲಿ (ಒಬ್ಬ ಬಿಷಪ್ ಕೈಕೆಳಗಿನ ಪ್ರದೇಶಕ್ಕೆ ಡಯಾಸಿಸ್ ಎನ್ನುತ್ತಾರೆ) ಹೆಂಗಸರು ಪಾದ್ರಿಗಳಾಗಿದ್ದಾರೆ. ತತ್ವಕ್ಕಾಗಿ ಒಮ್ಮೆ ಮನೆ ಬಿಟ್ಟವರಿಗೆ ಎರಡನೆಯ ಸಲ ಬಿಡುವುದು ಕಷ್ಟವಾಗುವುದಿಲ್ಲ ಎಂಬುದನ್ನು ಈ ಕಥೆ ಓದಿದಾಗೆಲ್ಲ ನೆನೆಯುತ್ತೇನೆ, ಬೇಸರವಾಗುತ್ತದೆ.

ಸರಿ, 2003ರಲ್ಲಿ ನಡೆದದ್ದೇನು?

ಅದಕ್ಕೂ ಐದು ವರ್ಷ ಹಿಂದಕ್ಕೆ ಹೋಗಬೇಕು. 1998ರಲ್ಲಿ ಲ್ಯಾಂಬೆತ್ ಸಮ್ಮೇಳನ ನಡೆಯಿತು. ಲೋಕದ ಆಂಗ್ಲಿಕನ್ ಬಿಷಪ್‌ಗಳೆಲ್ಲ ಹತ್ತು ವರ್ಷಕ್ಕೊಮ್ಮೆ ಇಂಗ್ಲೆಂಡಿನಲ್ಲಿ ಸೇರುವ ಸಭೆ ಅದು. ಮದುವೆ ಅಂದರೆ ಒಬ್ಬ ಗಂಡಸು ಮತ್ತು ಒಬ್ಬ ಹೆಂಗಸಿನ ನಡುವಿನದು, ಸಲಿಂಗ ಸಂಬಂಧ ಸತ್ಯವೇದಕ್ಕೆ ಹೊಂದುವುದಿಲ್ಲ, ಆದರೆ ಸಲಿಂಗಿಗಳ ಮಾತನ್ನು ಚರ್ಚು ಕೇಳಿಸಿಕೊಳ್ಳಬೇಕು, ಅವರೂ ದೇವರ ಪ್ರೀತಿಗೆ ಸೇರಿದವರು ಎಂದು ಅಲ್ಲಿ ನಿರ್ಣಯ ಆಯಿತು. ಪರವಾಗಿ 526 ವೋಟು, ವಿರೋಧವಾಗಿ 70. ನಿರ್ಣಯ 1.10 ಎಂದು ಅದರ ಹೆಸರು, ಈ ಜಗಳದಲ್ಲಿ ಎಲ್ಲರೂ ಹಿಡಿದು ಎಳೆಯುವ ಕಾಗದ ಅದು. ಅದಕ್ಕೆ ಕಾನೂನಿನ ಬಲ ಇಲ್ಲ ಎಂಬುದು ಒಂದು ಪಕ್ಷ. ಇಡೀ ಸಭೆಯ ಮಾತಿಗೆ ಬೆಲೆ ಇಲ್ಲದಿದ್ದರೆ ಇನ್ನೇನಕ್ಕೆ ಬೆಲೆ ಎಂಬುದು ಇನ್ನೊಂದು ಪಕ್ಷ.

2002ರಲ್ಲಿ ಕೆನಡಾದ ನ್ಯೂ ವೆಸ್ಟ್‌ಮಿನ್‌ಸ್ಟರ್ ಡಯಾಸಿಸ್, ಅಂದರೆ ವ್ಯಾಂಕೂವರ್ ಸುತ್ತಮುತ್ತ, ಸಲಿಂಗ ಜೋಡಿಗಳನ್ನು ಆಶೀರ್ವದಿಸಲು ತೀರ್ಮಾನ ಮಾಡಿತು. ಡಯಾಸಿಸ್‌ನ ಸಭೆಯಾದ ಸಿನಡ್‌ನಿಂದ ಎದ್ದು ಹೊರಗೆ ನಡೆದವರಲ್ಲಿ ಜೆ. ಐ. ಪ್ಯಾಕರ್ ಒಬ್ಬರು. ಆಗ ಅವರಿಗೆ 75 ದಾಟಿತ್ತು. ಲೋಕದಾದ್ಯಂತ ಸುವಾರ್ತಿಕ ಕ್ರೈಸ್ತರು ಗುರು ಎಂದು ಗೌರವಿಸುವ ಪಂಡಿತ, ದುಡುಕುವ ಮನುಷ್ಯ ಅಲ್ಲ. ಆ ತೀರ್ಮಾನ ಸುವಾರ್ತೆಯನ್ನೇ ತಿರುಚುತ್ತದೆ ಎಂಬುದು ಅವರ ವಾದವಾಗಿತ್ತು.

2003ರ ಜೂನ್‌ನಲ್ಲಿ ನ್ಯೂ ಹ್ಯಾಂಪ್‌ಶೈರ್ ಡಯಾಸಿಸ್ ಜೀನ್ ರಾಬಿನ್‌ಸನ್ ಅವರನ್ನು ಬಿಷಪ್ ಎಂದು ಆರಿಸಿತು. ಅವರು ಒಬ್ಬ ಗಂಡಸಿನ ಜೊತೆ ಸಂಸಾರ ಮಾಡುತ್ತಿದ್ದವರು, ಅದನ್ನು ಮುಚ್ಚಿಟ್ಟವರೂ ಅಲ್ಲ. ಆಗಸ್ಟ್‌ನಲ್ಲಿ ಜನರಲ್ ಕನ್ವೆನ್ಷನ್ ಒಪ್ಪಿಗೆ ಕೊಟ್ಟಿತು. ನವೆಂಬರ್ 2ರಂದು ಡರ್ಹಮ್ ಎಂಬ ಊರಿನ ಐಸ್ ಹಾಕಿ ಸ್ಟೇಡಿಯಂನಲ್ಲಿ ಅಭಿಷೇಕ. ಜೀವಬೆದರಿಕೆ ಇದ್ದದ್ದರಿಂದ ಅವರು ಬಿಷಪ್ ಉಡುಪಿನ ಕೆಳಗೆ ಗುಂಡು ತಡೆಯುವ ಅಂಗಿ ಹಾಕಿಕೊಳ್ಳಬೇಕಾಯಿತು. ಆರಾಧನೆಗೆ ಹೋಗುವ ಮನುಷ್ಯ ಅಂಥದ್ದನ್ನು ಹಾಕಿಕೊಂಡು ಹೋಗುವ ಸ್ಥಿತಿ ಬಂದದ್ದು ನಾಚಿಕೆಗೇಡು, ಯಾವ ಕಡೆಯವರಾದರೂ ಇದನ್ನು ಒಪ್ಪಬೇಕು.

ಅವರ ಅಭಿಷೇಕವನ್ನು ವಿರೋಧಿಸಿದವರಲ್ಲಿ ಬಹಳ ಜನರ ಮಾತು ಆ ಒಬ್ಬ ಮನುಷ್ಯನ ಬಗ್ಗೆ ಇರಲಿಲ್ಲ. ಸತ್ಯವೇದ ಏನು ಹೇಳುತ್ತದೆ ಎಂಬುದನ್ನು ಒಂದು ದೇಶದ ಕನ್ವೆನ್ಷನ್ ವೋಟು ಹಾಕಿ ತೀರ್ಮಾನಿಸಬಹುದೇ, ಕೊನೆಯ ಮಾತು ಯಾರದು ಎಂಬುದು ಅವರ ಪ್ರಶ್ನೆ. 1873ರಲ್ಲೂ 1977ರಲ್ಲೂ ಎದ್ದ ಪ್ರಶ್ನೆ ಒಳಗಿನಿಂದ ನೋಡಿದರೆ ಇದೇ.

ಆಫ್ರಿಕಾದ ಬಿಷಪ್‌ಗಳು ಇದರ ಮಧ್ಯೆ ಹೇಗೆ ಬಂದರು?

ನನಗೆ ಇಡೀ ಇತಿಹಾಸದಲ್ಲಿ ಮನಸ್ಸಿಗೆ ತಟ್ಟುವ ಭಾಗ ಇದು.

ಆಂಗ್ಲಿಕನ್ ಪದ್ಧತಿಯಲ್ಲಿ ಬಿಷಪ್ ಇಲ್ಲದೆ ಚರ್ಚಿಲ್ಲ. ಎಪಿಸ್ಕೋಪಲ್ ಚರ್ಚು ಬಿಟ್ಟ ಒಂದು ಸಭೆ ನಾಳೆ ಬೆಳಿಗ್ಗೆ ಯಾರ ಕೈಕೆಳಗೆ ಇರಬೇಕು? ಯಾವುದಾದರೂ ದೇಶದ ಆಂಗ್ಲಿಕನ್ ಬಿಷಪ್ ಆಸರೆ ಕೊಡಬೇಕು. 2000ದ ಜನವರಿಯಲ್ಲೇ, ರಾಬಿನ್‌ಸನ್ ಹೆಸರು ಯಾರಿಗೂ ಗೊತ್ತಿಲ್ಲದ ಕಾಲದಲ್ಲಿ, ರುವಾಂಡಾದ ಆರ್ಚ್‌ಬಿಷಪ್ ಇಮ್ಯಾನುಯೆಲ್ ಕೊಲಿನಿ ಮತ್ತು ಆಗ್ನೇಯ ಏಷ್ಯಾದ ಆರ್ಚ್‌ಬಿಷಪ್ ಮೋಸೆಸ್ ಟೇ ಸಿಂಗಾಪುರದಲ್ಲಿ ಇಬ್ಬರು ಅಮೆರಿಕನ್ನರಿಗೆ ಬಿಷಪ್ ಅಭಿಷೇಕ ಮಾಡಿದರು. ಚಕ್ ಮರ್ಫಿ ಮತ್ತು ಜಾನ್ ರಾಜರ್ಸ್ ಆ ಇಬ್ಬರು. ಆಂಗ್ಲಿಕನ್ ಮಿಷನ್ ಇನ್ ಅಮೆರಿಕ ಎಂದು ಆ ಗುಂಪಿಗೆ ಹೆಸರು. ಲೋಕದ ಆಂಗ್ಲಿಕನ್ನರ ಹಿರಿಯರೆಂದು ಗೌರವ ಪಡೆಯುವ ಇಂಗ್ಲೆಂಡಿನ ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ಅದನ್ನು ಒಪ್ಪಲಿಲ್ಲ.

ಆಮೇಲೆ ಬಾಗಿಲು ತೆರೆದೇ ಹೋಯಿತು. 2006ರಲ್ಲಿ ನೈಜೀರಿಯಾದ ಆರ್ಚ್‌ಬಿಷಪ್ ಪೀಟರ್ ಅಕಿನೊಲಾ ಅವರು ವರ್ಜೀನಿಯಾದ ಪಾದ್ರಿ ಮಾರ್ಟಿನ್ ಮಿನ್ಸ್ ಅವರನ್ನು ಬಿಷಪ್ ಮಾಡಿದರು. ಕೀನ್ಯಾ, ಉಗಾಂಡಾದವರೂ ಅಮೆರಿಕದ ಸಭೆಗಳನ್ನು ತಮ್ಮ ಮಡಿಲಿಗೆ ಹಾಕಿಕೊಂಡರು. ದಕ್ಷಿಣ ಅಮೆರಿಕದ ಸದರ್ನ್ ಕೋನ್ ಪ್ರಾವಿನ್ಸ್ (ಹಲವು ಡಯಾಸಿಸ್‌ಗಳು ಸೇರಿದ ಸ್ವತಂತ್ರ ಚರ್ಚಿಗೆ ಪ್ರಾವಿನ್ಸ್ ಎನ್ನುತ್ತಾರೆ) ಕೂಡ ಆಸರೆ ಕೊಟ್ಟಿತು. ವರ್ಜೀನಿಯಾದ ಶ್ರೀಮಂತ ಬಡಾವಣೆಯ ಸಭೆಯವರು ಭಾನುವಾರದ ಪ್ರಾರ್ಥನೆಯಲ್ಲಿ ನಮ್ಮ ಆರ್ಚ್‌ಬಿಷಪ್ ಪೀಟರ್ ಎಂದು ನೈಜೀರಿಯಾದವರ ಹೆಸರು ಹೇಳುವ ದಿನ ಬಂತು.

ಹಿಂದಿನದನ್ನು ನೆನೆಸಿಕೊಳ್ಳಿ. ಸ್ಯಾಮ್ಯುಯೆಲ್ ಅಜಯಿ ಕ್ರೌದರ್ ಎಂಬ ಯೊರುಬಾ ಹುಡುಗನನ್ನು ಗುಲಾಮರ ಹಡಗಿನಿಂದ ಬಿಡಿಸಿದ್ದರು, ಅವರು 1864ರಲ್ಲಿ ಕ್ಯಾಂಟರ್ಬರಿಯಲ್ಲಿ ಮೊದಲ ಆಫ್ರಿಕನ್ ಆಂಗ್ಲಿಕನ್ ಬಿಷಪ್ ಆದರು. ಉಗಾಂಡಾದಲ್ಲಿ 1880ರ ದಶಕದಲ್ಲಿ ಅರಮನೆಯ ಹುಡುಗರು ತಮ್ಮ ನಂಬಿಕೆಗೆ ಪ್ರಾಣ ಕೊಟ್ಟರು. ಮಿಷನರಿಗಳು ತಂದ ಪುಸ್ತಕವನ್ನು ಅವರು ನಂಬಿದರು, ಮಕ್ಕಳಿಗೆ ಕಲಿಸಿದರು, ಅದಕ್ಕಾಗಿ ಸತ್ತರು. ಈಗ ಆ ಮೊಮ್ಮಕ್ಕಳ ಮಕ್ಕಳು ಅದೇ ಪುಸ್ತಕ ಹಿಡಿದು ಪಶ್ಚಿಮದವರನ್ನು ಕೇಳುತ್ತಿದ್ದಾರೆ, ನೀವೇ ಕೊಟ್ಟದ್ದಲ್ವಾ ಇದು ಎಂದು. ಇದರಲ್ಲಿ ಅಮೆರಿಕದ ದುಡ್ಡು, ರಾಜಕೀಯ ಎಲ್ಲ ಇದೆ ಎಂದು ಟೀಕಿಸುವವರು ಇದ್ದಾರೆ. ಸ್ವಲ್ಪ ಇರಬಹುದು. ಆದರೆ ಆಫ್ರಿಕಾದ ಬಿಷಪ್‌ಗಳಿಗೆ ಸ್ವಂತ ಬುದ್ಧಿ ಇಲ್ಲ, ಯಾರೋ ಕುಣಿಸುತ್ತಾರೆ ಎಂಬ ಮಾತು ನನಗೆ ಹಳೆಯ ದೊರೆಗಳ ಕಾಲದ ಮಾತಿನಂತೆ ಕೇಳುತ್ತದೆ.

ಇಡೀ ಡಯಾಸಿಸ್‌ಗಳೇ ಬಿಟ್ಟು ಹೋದವಂತೆ, ಹೌದಾ?

ಹೌದು, ಎಸಿಎನ್‌ಎ ಶುರುವಾಗುವ ಮೊದಲು ನಾಲ್ಕು, ಆಮೇಲೆ ಇನ್ನೊಂದು. ಮೊದಲು ಕ್ಯಾಲಿಫೋರ್ನಿಯಾದ ಸ್ಯಾನ್ ವಾಕೀನ್, 2007ರ ಡಿಸೆಂಬರ್. ಮರುವರ್ಷ ಅಕ್ಟೋಬರ್‌ನಲ್ಲಿ ಪಿಟ್ಸ್‌ಬರ್ಗ್, ನವೆಂಬರ್‌ನಲ್ಲಿ ಇಲಿನಾಯ್‌ನ ಕ್ವಿನ್ಸಿ ಮತ್ತು ಟೆಕ್ಸಸ್‌ನ ಫೋರ್ಟ್ ವರ್ತ್. ಸೌತ್ ಕ್ಯಾರೊಲಿನಾ 2012ರಲ್ಲಿ ಹೊರಬಂತು, ಎಸಿಎನ್‌ಎಗೆ ಸೇರಿದ್ದು 2017ರಲ್ಲಿ. ಡಯಾಸಿಸ್ ಹೊರಗೆ ಹೋಗಲು ಸಾಧ್ಯವೇ ಇಲ್ಲ, ಜನ ಹೋಗಬಹುದು ಅಷ್ಟೇ ಎಂಬುದು ಎಪಿಸ್ಕೋಪಲ್ ಚರ್ಚಿನ ನಿಲುವು. ಹಾಗಾಗಿ ಬಹಳ ವರ್ಷ ಒಂದೇ ಊರಿನಲ್ಲಿ ಒಂದೇ ಹೆಸರಿನ ಎರಡೆರಡು ಡಯಾಸಿಸ್, ಎರಡೆರಡು ಬಿಷಪ್.

2009ರ ಸಭೆ ಹೇಗೆ ನಡೆಯಿತು? ಮೊದಲ ಮುಖ್ಯಸ್ಥರು ಯಾರು?

ಪಿಟ್ಸ್‌ಬರ್ಗಿನ ಬಿಷಪ್ ರಾಬರ್ಟ್ ಡಂಕನ್. ಎಪಿಸ್ಕೋಪಲ್ ಬಿಷಪ್‌ಗಳ ಸಭೆ 2008ರ ಸೆಪ್ಟೆಂಬರ್‌ನಲ್ಲಿ ಅವರನ್ನು ಪದಚ್ಯುತ ಮಾಡಿತ್ತು. ಅದಕ್ಕೆ ಮೊದಲು ಜೂನ್‌ನಲ್ಲಿ ಜೆರುಸಲೇಮಿನಲ್ಲಿ ಗ್ಯಾಫ್ಕನ್ ಎಂಬ ಸಂಪ್ರದಾಯಸ್ಥ ಆಂಗ್ಲಿಕನ್ನರ ದೊಡ್ಡ ಸಮ್ಮೇಳನ ನಡೆದು, ಉತ್ತರ ಅಮೆರಿಕಕ್ಕೆ ಹೊಸ ಪ್ರಾವಿನ್ಸ್ ಬೇಕು ಎಂದು ಹೇಳಿತ್ತು. ಡಿಸೆಂಬರ್‌ನಲ್ಲಿ ಇಲಿನಾಯ್‌ನ ವೀಟನ್‌ನಲ್ಲಿ ತಾತ್ಕಾಲಿಕ ಸಂವಿಧಾನ ಸಿದ್ಧವಾಯಿತು. ಆರೇ ತಿಂಗಳಿಗೆ ಬೆಡ್‌ಫರ್ಡಿನ ಸೇಂಟ್ ವಿನ್ಸೆಂಟ್ ಕ್ಯಾಥೆಡ್ರಲ್‌ನಲ್ಲಿ ಮೊದಲ ಮಹಾಸಭೆ. ನಮ್ಮಲ್ಲಿ ಸುಮಾರು 700 ಸಭೆ, ಒಂದು ಲಕ್ಷ ಜನ ಎಂದು ಅವರು ಆಗ ಹೇಳಿದರು.

ಆ ಸಭೆಯ ಒಂದು ಸಂಗತಿ ಹೇಳಲೇಬೇಕು. ಅತಿಥಿಯಾಗಿ ಬಂದಿದ್ದ ಆರ್ಥೊಡಾಕ್ಸ್ ಚರ್ಚಿನ ಮೆಟ್ರೊಪಾಲಿಟನ್ ಜೋನಾ ಅವರು ಪ್ರೀತಿಯಿಂದಲೇ ಮಾತಾಡಿದರು, ಆದರೆ ನಮ್ಮ ನಿಮ್ಮ ಪೂರ್ಣ ಐಕ್ಯಕ್ಕೆ ಏನೇನು ಅಡ್ಡಿ ಎಂದು ಮುಖಕ್ಕೇ ಹೇಳಿದರು. ಆ ಪಟ್ಟಿಯಲ್ಲಿ ಹೆಂಗಸರ ದೀಕ್ಷೆಯೂ ಇತ್ತು. ಕೇಳುತ್ತ ಕೂತಿದ್ದವರಲ್ಲಿ ದೀಕ್ಷೆ ಪಡೆದ ಹೆಂಗಸರೂ ಇದ್ದರು.

ಹಾಗಾದರೆ ಎಸಿಎನ್‌ಎಯಲ್ಲಿ ಹೆಂಗಸರು ಪಾದ್ರಿ ಆಗಬಹುದಾ ಇಲ್ಲವಾ?

ಡಯಾಸಿಸ್ ಮೇಲೆ ಹೋಗುತ್ತದೆ. ಪಿಟ್ಸ್‌ಬರ್ಗಿನಲ್ಲಿ ಆಗಬಹುದು, ಫೋರ್ಟ್ ವರ್ತ್‌ನಲ್ಲಿ ಆಗುವುದಿಲ್ಲ. ಬಿಷಪ್ ಮಾತ್ರ ಎಲ್ಲಿಯೂ ಆಗುವಂತಿಲ್ಲ, ಚರ್ಚಿನ ನಿಯಮದಲ್ಲೇ ಹಾಗಿದೆ. 2017ರಲ್ಲಿ ವರ್ಷಗಟ್ಟಲೆ ಅಧ್ಯಯನದ ನಂತರ ಬಿಷಪ್‌ಗಳು ಸೇರಿ, ಹೆಂಗಸರ ದೀಕ್ಷೆಯನ್ನು ಇಡೀ ಚರ್ಚಿನ ಕ್ರಮವಾಗಿ ಮಾಡಲು ಸತ್ಯವೇದದಲ್ಲಿ ಸಾಕಷ್ಟು ಆಧಾರ ಇಲ್ಲ ಎಂದರು, ಆದರೆ ಡಯಾಸಿಸ್‌ಗಳ ಹಕ್ಕನ್ನು ಕಿತ್ತುಕೊಳ್ಳಲಿಲ್ಲ. ಎರಡು ಕಡೆಯವರಿಗೂ ಸಮಾಧಾನ ಇಲ್ಲ. ನನ್ನ ಮಟ್ಟಿಗೆ ಇವರ ಮುಂದಿರುವ ದೊಡ್ಡ ಕಷ್ಟ ಇದೇ. ಒಬ್ಬ ಪಾದ್ರಿ ಒಂದು ಡಯಾಸಿಸ್‌ನಲ್ಲಿ ಪವಿತ್ರ ಭೋಜನ ನಡೆಸಬಹುದು, ಪಕ್ಕದ ಡಯಾಸಿಸ್‌ಗೆ ಹೋದರೆ ಪೀಠದ ಹತ್ತಿರ ನಿಲ್ಲುವಂತಿಲ್ಲ ಅಂದರೆ ಆ ಹೆಣ್ಣುಮಗಳಿಗೆ ಹೇಗಿರಬೇಡ.

ಚರ್ಚು ಕಟ್ಟಡಗಳು ಯಾರ ಪಾಲಾದವು?

ಇದನ್ನು ಸ್ವಲ್ಪ ವಿವರವಾಗಿ ಹೇಳುತ್ತೇನೆ, ಯಾಕೆಂದರೆ ನಿಜವಾದ ಗಾಯ ಆಗಿದ್ದು ಇಲ್ಲಿ.

1979ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟು ಜೋನ್ಸ್ ಮತ್ತು ವುಲ್ಫ್ ಕೇಸಿನಲ್ಲಿ ಒಂದು ತೀರ್ಪು ಕೊಟ್ಟಿತು. ಚರ್ಚು ಒಡೆದಾಗ ಆಸ್ತಿ ಯಾರದು ಎಂದು ನೋಡಲು ಕೋರ್ಟು ದೇವಶಾಸ್ತ್ರಕ್ಕೆ ಕೈ ಹಾಕಬೇಕಿಲ್ಲ, ಬೇರೆ ಆಸ್ತಿ ಕೇಸಿನಂತೆ ಕ್ರಯಪತ್ರ, ಟ್ರಸ್ಟ್ ಪತ್ರ, ಚರ್ಚಿನ ನಿಯಮ ನೋಡಿ ತೀರ್ಮಾನಿಸಬಹುದು ಎಂದಿತು. ಬೇಕಾದರೆ ಚರ್ಚುಗಳು ತಮ್ಮ ನಿಯಮದಲ್ಲೇ ಇದನ್ನು ಬರೆದುಕೊಳ್ಳಲಿ ಎಂದೂ ಸೂಚಿಸಿತು. ಅದೇ ವರ್ಷ ಎಪಿಸ್ಕೋಪಲ್ ಚರ್ಚು ಡೆನಿಸ್ ಕ್ಯಾನನ್ ಎಂಬ ನಿಯಮ ಮಾಡಿತು. ಪ್ರತಿ ಸಭೆಯ ಆಸ್ತಿಯೂ ಇಡೀ ಚರ್ಚು ಮತ್ತು ಡಯಾಸಿಸ್‌ಗಾಗಿ ಟ್ರಸ್ಟಿನಲ್ಲಿರುತ್ತದೆ ಎಂದು ಅದರ ಸಾರ. ಬಿಟ್ಟು ಹೋಗುವವರು ಹೋಗಬಹುದು, ಕಟ್ಟಡ ಇಲ್ಲೇ ಇರಬೇಕು.

ನಮ್ಮ ಸಿಎಸ್‌ಐ ಜನರಿಗೆ ಇದು ಬೇಗ ಅರ್ಥವಾಗುತ್ತದೆ. ನಮ್ಮ ಚರ್ಚು ಆಸ್ತಿ ಕೂಡ ಊರಿನ ಪಾಸ್ಟರೇಟ್ ಕಮಿಟಿಯ ಹೆಸರಿನಲ್ಲಿ ಇರುವುದಿಲ್ಲ, ಸಿಎಸ್‌ಐ ಟ್ರಸ್ಟ್ ಅಸೋಸಿಯೇಷನ್ ಹೆಸರಿನಲ್ಲಿರುತ್ತದೆ. ಚರ್ಚು ಆಸ್ತಿಯ ಜಗಳ ಕೋರ್ಟಿನ ಮೆಟ್ಟಿಲು ಹತ್ತುವುದೂ ನಮಗೆ ಹೊಸದಲ್ಲ.

ಅಮೆರಿಕದಲ್ಲಿ ಒಂದೊಂದು ರಾಜ್ಯದಲ್ಲಿ ಒಂದೊಂದು ತೀರ್ಪು ಬಂತು. ವರ್ಜೀನಿಯಾದ ದಿ ಫಾಲ್ಸ್ ಚರ್ಚು ನೋಡಿ. 1732ರಿಂದ ಇರುವ ಸಭೆ, ಊರಿಗೇ ಆ ಚರ್ಚಿನ ಹೆಸರು ಬಂದಿದೆ, ಜಾರ್ಜ್ ವಾಷಿಂಗ್ಟನ್ ಒಂದು ಕಾಲದಲ್ಲಿ ಅದರ ಆಡಳಿತ ಸಮಿತಿಯಲ್ಲಿದ್ದರು. 2006ರ ಡಿಸೆಂಬರ್‌ನಲ್ಲಿ ಅಲ್ಲಿಯ ಜನ ದೊಡ್ಡ ಬಹುಮತದಿಂದ ಹೊರಗೆ ಹೋಗಲು ವೋಟು ಹಾಕಿದರು. ಐದು ವರ್ಷಕ್ಕೂ ಜಾಸ್ತಿ ಕೇಸು ನಡೆಯಿತು. 2012ರಲ್ಲಿ ಸೋತರು. ಸಾವಿರಾರು ಜನರ ಸಭೆ ಕಟ್ಟಡ ಬಿಟ್ಟುಕೊಟ್ಟು ಶಾಲೆಯ ಹಾಲ್‌ಗಳಲ್ಲಿ, ಬಾಡಿಗೆ ಜಾಗಗಳಲ್ಲಿ ಆರಾಧನೆ ಮಾಡಿತು. 2019ರಲ್ಲಿ ಹೊಸ ಕಟ್ಟಡ ಕಟ್ಟಿಕೊಂಡರು. ಹಳೆಯ ಕಟ್ಟಡದಲ್ಲಿ ಎಪಿಸ್ಕೋಪಲ್ ಸಭೆ ಈಗಲೂ ಇದೆ. ವೋಟಿನಲ್ಲಿ ಸೋತು, ಐದು ವರ್ಷ ತಮ್ಮ ಚರ್ಚಿನಿಂದಲೇ ಹೊರಗಿದ್ದು, ಹೊರಗೇ ಕೂಡಿ ಪ್ರಾರ್ಥಿಸಿದ ಸಣ್ಣ ಗುಂಪು ಅದು. ಅವರ ಸಂಕಟವೂ ಸಣ್ಣದಲ್ಲ. ಈ ಕಥೆ ಹೇಳುವಾಗ ಜನ ಅವರನ್ನು ಮರೆಯುತ್ತಾರೆ.

ಫೋರ್ಟ್ ವರ್ತ್‌ನಲ್ಲಿ ಉಲ್ಟಾ. 2020ರಲ್ಲಿ ಟೆಕ್ಸಸ್‌ನ ಸುಪ್ರೀಂ ಕೋರ್ಟು ಹೊರಬಂದವರ ಪರವಾಗಿ ತೀರ್ಪು ಕೊಟ್ಟಿತು. 10 ಕೋಟಿ ಡಾಲರಿಗೂ ಜಾಸ್ತಿ ಬೆಲೆಯ ಆಸ್ತಿ ಅದು. 2021ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟು ಆ ಕೇಸನ್ನು ಕೈಗೆತ್ತಿಕೊಳ್ಳಲು ಒಪ್ಪಲಿಲ್ಲ. ಕ್ವಿನ್ಸಿಯಲ್ಲೂ ಹೊರಬಂದವರು ಗೆದ್ದರು. ಸ್ಯಾನ್ ವಾಕೀನ್‌ನಲ್ಲಿ ಸೋತರು. ಸೌತ್ ಕ್ಯಾರೊಲಿನಾದಲ್ಲಿ ಹತ್ತು ವರ್ಷ ಎಳೆದು ಕೊನೆಗೆ ಕೆಲವು ಚರ್ಚು ಇವರಿಗೆ, ಕೆಲವು ಅವರಿಗೆ. ವ್ಯಾಂಕೂವರ್‌ನಲ್ಲಿ ಪ್ಯಾಕರ್ ಅವರ ಸಭೆಯವರೂ ಕಟ್ಟಡ ಬಿಟ್ಟು ಹೋಗಬೇಕಾಯಿತು.

ಸಹೋದರರು ಒಬ್ಬರ ಮೇಲೊಬ್ಬರು ವ್ಯಾಜ್ಯ ಹೂಡುವುದಕ್ಕಿಂತ ಅನ್ಯಾಯವನ್ನು ಸಹಿಸಿಕೊಳ್ಳುವುದು ಮೇಲು ಎಂದು ಪೌಲನು ಕೊರಿಂಥದವರಿಗೆ ಬರೆದನಲ್ಲ, ಎರಡು ಕಡೆಯವರೂ ಆ ವಾಕ್ಯವನ್ನು ಓದಿದವರೇ. ಲಕ್ಷಾಂತರ ಡಾಲರ್ ವಕೀಲರಿಗೆ ಹೋಯಿತು. ಆ ದುಡ್ಡನ್ನು ಕಾಣಿಕೆ ಪೆಟ್ಟಿಗೆಗೆ ಹಾಕಿದವರು ಸಾಮಾನ್ಯ ಜನ.

ಇವರ ಪ್ರಾರ್ಥನಾ ಪುಸ್ತಕ ಯಾವುದು?

2019ರಲ್ಲಿ ತಮ್ಮದೇ ಪುಸ್ತಕ ತಂದರು. ಬೋಧನೆಗೆ 1662ರ ಇಂಗ್ಲೆಂಡಿನ ಪ್ರಾರ್ಥನಾ ಪುಸ್ತಕವೇ ಅಳತೆ. ಪ್ಯಾಕರ್ ಅವರ ಸಂಪಾದಕತ್ವದಲ್ಲಿ ಒಂದು ಪ್ರಶ್ನೋತ್ತರ ಬೋಧನೆಯ ಪುಸ್ತಕವೂ ಬಂದಿದೆ. ಅವರು 2020ರಲ್ಲಿ ತೀರಿಕೊಂಡರು.

ಕ್ಯಾಂಟರ್ಬರಿ ಆರ್ಚ್‌ಬಿಷಪ್ ಇವರನ್ನು ಒಪ್ಪಿದ್ದಾರಾ?

ಇಲ್ಲ. ಲೋಕದ ಆಂಗ್ಲಿಕನ್ ಚರ್ಚುಗಳ ಕೂಟವಾದ ಆಂಗ್ಲಿಕನ್ ಕಮ್ಯುನಿಯನ್‌ನ ಸದಸ್ಯ ಚರ್ಚುಗಳ ಪಟ್ಟಿಯಲ್ಲಿ ಎಸಿಎನ್‌ಎ ಇಲ್ಲ. 2016ರಲ್ಲಿ ಕ್ಯಾಂಟರ್ಬರಿಯಲ್ಲಿ ನಡೆದ ಮುಖ್ಯಸ್ಥರ ಸಭೆಗೆ ಎಸಿಎನ್‌ಎಯ ಆಗಿನ ಆರ್ಚ್‌ಬಿಷಪ್ ಫೋಲಿ ಬೀಚ್ ಅವರನ್ನು ಕರೆದಿದ್ದರು, ಅಷ್ಟೇ. ಆದರೆ ನೈಜೀರಿಯಾ, ಉಗಾಂಡಾ, ರುವಾಂಡಾದಂಥ ದೊಡ್ಡ ಚರ್ಚುಗಳು ಇವರನ್ನು ಪೂರ್ತಿ ಆಂಗ್ಲಿಕನ್ನರೆಂದೇ ಒಪ್ಪಿವೆ. ಫೋಲಿ ಬೀಚ್ 2018ರಿಂದ 2023ರ ತನಕ ಗ್ಯಾಫ್ಕನ್ ಅಧ್ಯಕ್ಷರೂ ಆಗಿದ್ದರು.

ಈಗ ಪ್ರಶ್ನೆಯೇ ತಿರುಗಿ ನಿಂತಿದೆ. 2023ರಲ್ಲಿ ಇಂಗ್ಲೆಂಡಿನ ಚರ್ಚು ಸಲಿಂಗ ಜೋಡಿಗಳಿಗಾಗಿ ಪ್ರಾರ್ಥನೆಗಳನ್ನು ಒಪ್ಪಿದ ಮೇಲೆ ಕಿಗಾಲಿಯಲ್ಲಿ ಸೇರಿದ ಗ್ಯಾಫ್ಕನ್, ಕ್ಯಾಂಟರ್ಬರಿಯ ನಾಯಕತ್ವದ ಮೇಲೆ ನಮಗೆ ಭರವಸೆ ಉಳಿದಿಲ್ಲ ಎಂದಿತು. 2025ರ ಅಕ್ಟೋಬರ್‌ನಲ್ಲಿ ಸಾರಾ ಮುಲಾಲಿ ಅವರ ಹೆಸರು ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ಹುದ್ದೆಗೆ ಪ್ರಕಟವಾಯಿತು. ಎರಡು ವಾರದೊಳಗೆ ಗ್ಯಾಫ್ಕನ್ ನಾಯಕರು ಕ್ಯಾಂಟರ್ಬರಿಯ ಜೊತೆಗಿನ ವ್ಯವಸ್ಥೆಗಳನ್ನೇ ಬಿಟ್ಟು, ಇನ್ನು ಮುಂದೆ ಗ್ಲೋಬಲ್ ಆಂಗ್ಲಿಕನ್ ಕಮ್ಯುನಿಯನ್ ಎಂದರೆ ನಾವೇ ಎಂದು ಘೋಷಿಸಿದರು.

ನಮ್ಮ ಸಿಎಸ್‌ಐಗೂ ಇದಕ್ಕೂ ಏನು ಸಂಬಂಧ?

ನೇರ ಸಂಬಂಧ ಇಲ್ಲ. ಬೆಂಗಳೂರಿನ ಸೇಂಟ್ ಮಾರ್ಕ್ಸ್ ಕ್ಯಾಥೆಡ್ರಲ್, ಟ್ರಿನಿಟಿ ಚರ್ಚು ಇವೆಲ್ಲ ಬ್ರಿಟಿಷರ ಕಾಲದಲ್ಲಿ ಆಂಗ್ಲಿಕನ್ ಚರ್ಚುಗಳೇ. 1947ರ ಸೆಪ್ಟೆಂಬರ್ 27ರಂದು ಮದ್ರಾಸಿನಲ್ಲಿ ಆಂಗ್ಲಿಕನ್ನರು, ಮೆಥಡಿಸ್ಟರು, ಪ್ರೆಸ್ಬಿಟೇರಿಯನ್ ಮತ್ತು ಕಾಂಗ್ರಿಗೇಷನಲ್ ಪರಂಪರೆಯವರು ಸೇರಿ ಸಿಎಸ್‌ಐ ಆಯಿತು. ಅಮೆರಿಕದವರು ಒಡೆದ ಕಥೆ ಹೇಳುತ್ತಿದ್ದೇನೆ, ನಮ್ಮದು ಕೂಡಿದ ಕಥೆ. ಆದರೆ ಕೂಡುವಾಗಲೂ ಕೆಲವರಿಗೆ ನೋವಾಗಿತ್ತು. ಬಿಷಪ್ ಕೈಯಿಂದ ದೀಕ್ಷೆ ಪಡೆಯದ ಪಾದ್ರಿಗಳನ್ನು ಹಾಗೇ ಒಪ್ಪಿಕೊಂಡದ್ದು ಇಂಗ್ಲೆಂಡಿನ ಹಲವು ಆಂಗ್ಲೋ-ಕ್ಯಾಥೊಲಿಕರಿಗೆ, ಅಂದರೆ ಹಳೆಯ ಕ್ಯಾಥೊಲಿಕ್ ಪದ್ಧತಿಗೆ ಒತ್ತು ಕೊಡುವ ಆಂಗ್ಲಿಕನ್ನರಿಗೆ, ಹಿಡಿಸಲಿಲ್ಲ. ಆಂಧ್ರದ ನಂದ್ಯಾಲದ ಬಹಳಷ್ಟು ಆಂಗ್ಲಿಕನ್ನರು ಎಷ್ಟೋ ವರ್ಷ ಸಿಎಸ್‌ಐಗೆ ಸೇರದೆ ಹೊರಗೇ ಉಳಿದರು. ಅದೇ ನಂದ್ಯಾಲದಲ್ಲಿ 2013ರಲ್ಲಿ ಪುಷ್ಪ ಲಲಿತಾ ಅವರು ಸಿಎಸ್‌ಐನ ಮೊದಲ ಮಹಿಳಾ ಬಿಷಪ್ ಆದರು. ಎಸಿಎನ್‌ಎ ನಿಯಮದಲ್ಲಿ ಇದಕ್ಕೆ ಜಾಗ ಇಲ್ಲ.

ಈಗ ಎಸಿಎನ್‌ಎ ಎಷ್ಟು ದೊಡ್ಡದು? ಒಳಗೆ ತೊಂದರೆ ಇಲ್ಲವಾ?

ಸಾವಿರದಷ್ಟು ಸಭೆಗಳು, ಸುಮಾರು 1,28,000 ಜನ, ಇದು 2023ರ ಲೆಕ್ಕ. ಎಪಿಸ್ಕೋಪಲ್ ಚರ್ಚು ಕುಗ್ಗುತ್ತಿದ್ದರೂ ಇನ್ನೂ 15 ಲಕ್ಷದ ಹತ್ತಿರ ಇದೆ. ಆದ್ದರಿಂದ ಅರ್ಧಕ್ಕರ್ಧ ಒಡೆದು ಹೋಯಿತು ಎಂದು ಸುಮ್ನೆ ಹೇಳುವವರ ಮಾತು ನಂಬಬೇಡಿ.

ತೊಂದರೆ ಇದೆ. ರುವಾಂಡಾದ ಆಸರೆಯಲ್ಲಿ ಹುಟ್ಟಿದ್ದ ಆಂಗ್ಲಿಕನ್ ಮಿಷನ್ 2011ರಲ್ಲಿ ರುವಾಂಡಾವನ್ನೇ ಬಿಟ್ಟಿತು. 2021ರಿಂದ ಮಧ್ಯಪಶ್ಚಿಮದ ಒಂದು ಡಯಾಸಿಸ್‌ನಲ್ಲಿ ಲೈಂಗಿಕ ದೌರ್ಜನ್ಯದ ದೂರುಗಳನ್ನು ನಿಭಾಯಿಸಿದ ರೀತಿಯ ಬಗ್ಗೆ ಸಂತ್ರಸ್ತರು ಗಟ್ಟಿಯಾಗಿ ಮಾತೆತ್ತಿದರು. 2024ರಲ್ಲಿ ಸ್ಟೀವ್ ವುಡ್ ಆರ್ಚ್‌ಬಿಷಪ್ ಆದರು, 2025ರಲ್ಲಿ ಅವರ ನಡತೆಯ ಮೇಲೇ ದೂರು ಬಂದು ರಜೆಯ ಮೇಲೆ ಹೋದರು. ಆರೋಪಗಳನ್ನು ಅವರು ಅಲ್ಲಗಳೆದಿದ್ದಾರೆ. ಬೋಧನೆ ಸರಿ ಇಟ್ಟುಕೊಳ್ಳುತ್ತೇವೆ ಎಂದು ಹೊರಬಂದವರು ದೂರು ಕೊಟ್ಟವರನ್ನು ಹೇಗೆ ನಡೆಸಿಕೊಳ್ಳುತ್ತಾರೆ ಎಂದು ಜನ ನೋಡುತ್ತಾರೆ, ನೋಡಲೇಬೇಕು.

ನೀವು ಯಾರ ಕಡೆ?

ಮದುವೆಯ ಬಗ್ಗೆ ನನ್ನ ನಂಬಿಕೆ ಹಳೆಯದೇ, ಲ್ಯಾಂಬೆತ್‌ನಲ್ಲಿ 526 ಜನ ಹೇಳಿದ್ದೇ. ಅವರು ಹೊರಬಂದ ಕಾರಣ ನನಗೆ ಅರ್ಥವಾಗುತ್ತದೆ. ಆದರೆ ಆ ನಿರ್ಣಯದ ಅರ್ಧ ಭಾಗ, ಸಲಿಂಗಿಗಳ ಮಾತು ಕೇಳಿಸಿಕೊಳ್ಳಬೇಕು ಎಂಬುದು, ಅದನ್ನು ನನ್ನ ಕಡೆಯವರು ಎಷ್ಟು ಮಾಡಿದ್ದಾರೆ ಎಂದು ಕೇಳಿದರೆ ನನಗೆ ತಲೆ ಎತ್ತಲು ಆಗುವುದಿಲ್ಲ.

ಕೊನೆಗೆ, ನಮ್ಮ ಮಗಳು ಯಾವ ಚರ್ಚಿಗೆ ಹೋಗಬೇಕು?

ಸಿಎಸ್‌ಐ ಆಂಗ್ಲಿಕನ್ ಕಮ್ಯುನಿಯನ್‌ನ ಸದಸ್ಯ ಚರ್ಚು, ಎಪಿಸ್ಕೋಪಲ್ ಚರ್ಚೂ ಅದರ ಸದಸ್ಯ. ಕಾಗದದ ಲೆಕ್ಕದಲ್ಲಿ ಅದೇ ಹತ್ತಿರ. ಬೋಧನೆಯ ಲೆಕ್ಕದಲ್ಲಿ ನಮ್ಮ ಊರಿನ ಸಭೆಗಳಲ್ಲಿ ಬೆಳೆದ ಬಹಳ ಜನರಿಗೆ ಎಸಿಎನ್‌ಎ ಹತ್ತಿರ ಅನ್ನಿಸುತ್ತದೆ. ದೀಕ್ಷಾಸ್ನಾನ ಆದ ಕ್ರೈಸ್ತರಿಗೆ ಎರಡೂ ಕಡೆ ಪವಿತ್ರ ಭೋಜನದಲ್ಲಿ ಜಾಗ ಇದೆ. ದೊಡ್ಡ ಊರುಗಳಲ್ಲಿ ಸಿಎಸ್‌ಐ ಸಭೆಗಳೇ ಇವೆ, ಆದರೆ ಆರಾಧನೆ ಹೆಚ್ಚಾಗಿ ಮಲಯಾಳಂ, ತಮಿಳು, ತೆಲುಗು ಇಲ್ಲವೇ ಇಂಗ್ಲಿಷಿನಲ್ಲಿ. ಎರಡು ಮೂರು ಭಾನುವಾರ ಒಂದೊಂದು ಕಡೆ ಹೋಗಿ ಕೂತು ನೋಡಲಿ, ಪಾದ್ರಿಯವರ ಹತ್ತಿರ ಈ ಪ್ರಶ್ನೆಗಳನ್ನೇ ನೇರವಾಗಿ ಕೇಳಲಿ. ಅಲ್ಲಿ ಹಾಗೆ ಕೇಳಿದರೆ ಯಾರೂ ತಪ್ಪು ತಿಳಿಯುವುದಿಲ್ಲ.